ಕಸಾರಾ ಘಾಟಿನಲ್ಲಿ ಕುದಿದ ಪದ್ಮಿನಿ

ಹೋದ ತಿಂಗಳು ಊರಿನಿಂದ ಅಕ್ಕನ ಮಗ ಫೋನ್ ಮಾಡಿದ್ದ. "ಮಾಮಾ, ಒಂದು ಹಳೇ ಪದ್ಮಿನಿ ಸಿಕ್ಕಿದೆ. ಎಂಬತ್ತೈದರ ಮಾಡೆಲ್ಲು, ಬಣ್ಣ ಫಳಫಳ ಅಂತಿದೆ. ತಗೊಳ್ಲಾ?" ಅಂತ. ನಾನು ಸುಮ್ಮನೆ ನನ್ನ ಬಲಗೈ ನೋಡಿಕೊಂಡೆ. ಮಣಿಕಟ್ಟಿನ ಮೇಲೆ ಇವತ್ತಿಗೂ ಒಂದು ಕಲೆ ಇದೆ. ಅದು 1993ರ ಮೇ ತಿಂಗಳಲ್ಲಿ, ಇಗತಪುರಿಗೆ ಹೋಗುವ ದಾರಿಯಲ್ಲಿ ಆದದ್ದು.

ಅವನಿಗೆ ಫೋನಿನಲ್ಲಿ ಹೇಳಿದ್ದು ಸ್ವಲ್ಪ. ಉಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಹಳೇ ಕಾರು ಕೊಳ್ಳುವವನು ಬರೀ ತಗಡು, ಎಂಜಿನ್ ಕೊಳ್ಳುವುದಿಲ್ಲ ನೋಡಿ, ಅದರ ಚರಿತ್ರೆಯನ್ನೂ ಕೊಳ್ಳುತ್ತಾನೆ. ಪದ್ಮಿನಿಯ ಚರಿತ್ರೆ ಶುರುವಾಗುವುದು ನಮ್ಮ ಮೈಸೂರಿನವರೊಬ್ಬರಿಂದ ಅಂದರೆ ನಂಬುತ್ತೀರಾ?

ಹೌದು, ಸರ್ ಎಂ. ವಿಶ್ವೇಶ್ವರಯ್ಯನವರು. ದಿವಾನಗಿರಿ ಬಿಟ್ಟು ಎಷ್ಟೋ ವರ್ಷಗಳಾದ ಮೇಲೆ, 1935ರಲ್ಲಿ, ಎಪ್ಪತ್ತು ದಾಟಿದ ವಯಸ್ಸಿನಲ್ಲಿ ಅವರು ಯುರೋಪು, ಅಮೆರಿಕ ಸುತ್ತಿ ಕಾರಿನ ಕಾರ್ಖಾನೆಗಳನ್ನು ನೋಡಿಬಂದರು. ಭಾರತದಲ್ಲೇ ಮೋಟಾರು ಗಾಡಿ ತಯಾರಾಗಬೇಕು, ಅದಕ್ಕೆ ಮುಂಬಯಿ ಸರಿಯಾದ ಜಾಗ ಎಂಬುದು ಅವರ ಯೋಜನೆ. ಅದನ್ನು ಕೈಗೆತ್ತಿಕೊಂಡವರು ಸೊಲ್ಲಾಪುರದಲ್ಲಿ ಹುಟ್ಟಿದ ಉದ್ಯಮಿ ವಾಲಚಂದ್ ಹೀರಾಚಂದ್. ಬಿ. ಜಿ. ಖೇರ್ ಅವರ ಮುಂಬಯಿ ಸರ್ಕಾರವೂ ಬೆಂಬಲಕ್ಕೆ ನಿಂತಿತು. ಅಷ್ಟರಲ್ಲಿ ಯುದ್ಧ ಬಂತು, 1939ರಲ್ಲಿ ಖೇರ್ ಮಂತ್ರಿಮಂಡಲ ರಾಜೀನಾಮೆ ಕೊಟ್ಟಿತು, ದಿಲ್ಲಿಯ ಬ್ರಿಟಿಷ್ ಸರ್ಕಾರ ಕೈಕೊಟ್ಟಿತು. ವಾಲಚಂದ್ ಸುಮ್ಮನೆ ಕೂರಲಿಲ್ಲ. 1940ರ ಡಿಸೆಂಬರಿನಲ್ಲಿ ಮೈಸೂರು ಸರ್ಕಾರದ ಜೊತೆ ಸೇರಿ ಬೆಂಗಳೂರಿನಲ್ಲಿ ವಿಮಾನ ಕಾರ್ಖಾನೆ ತೆರೆದರು. ಅದೇ ಮುಂದೆ ಎಚ್‌ಎಎಲ್ ಆಯಿತು. ಕಾರಿನ ಆಸೆ ಮಾತ್ರ 1944ರ ತನಕ ಕಾಯಬೇಕಾಯಿತು. ಆ ವರ್ಷ ಪ್ರೀಮಿಯರ್ ಆಟೊಮೊಬೈಲ್ಸ್ ಸ್ಥಾಪನೆಯಾಯಿತು. ಮುಂಬಯಿಯ ಕುರ್ಲಾದಲ್ಲಿ ಮೊದಲು ಡಾಡ್ಜ್, ಪ್ಲಿಮತ್, ಡಿಸೋಟೊ ಜೋಡಿಸಿದರು. 1950ರ ದಶಕದಲ್ಲಿ ಇಟಲಿಯ ಫಿಯೆಟ್ ಕಾರು ಬಂತು.

ನಾವು ಪದ್ಮಿನಿ ಅಂತ ಕರೆಯುವ ಕಾರು ಇಟಲಿಯ ಫಿಯೆಟ್ 1100 ಡಿ. ಇಲ್ಲಿ 1964ರಲ್ಲಿ ಫಿಯೆಟ್ 1100 ಡಿಲೈಟ್ ಅನ್ನುವ ಹೆಸರಿನಲ್ಲಿ ಬಂತು. ಆಮೇಲೆ ಪ್ರೀಮಿಯರ್ ಪ್ರೆಸಿಡೆಂಟ್, 1974ರಿಂದ ಪ್ರೀಮಿಯರ್ ಪದ್ಮಿನಿ. ಇಟಲಿಯವರು ಈ ಮಾದರಿಯನ್ನು 1966ರಲ್ಲೇ ನಿಲ್ಲಿಸಿದರು. ನಾವು 2000ದ ಹೊತ್ತಿನ ತನಕ ಮಾಡುತ್ತಲೇ ಇದ್ದೆವು!

ಯಾಕೆ ಹೀಗಾಯಿತು? ಲೈಸೆನ್ಸ್ ರಾಜ್ಯದಲ್ಲಿ ಎಷ್ಟು ಕಾರು ಮಾಡಬೇಕು ಅಂತ ಸರ್ಕಾರ ಹೇಳುತ್ತಿತ್ತು. 1969ರಲ್ಲಿ ಬೆಲೆಯನ್ನೂ ಅದೇ ನಿಗದಿ ಮಾಡಿತು, ತಯಾರಕರು ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿದರು. ಅಂಬಾಸಡರ್, ಫಿಯೆಟ್, ಸ್ಟಾಂಡರ್ಡ್ ಬಿಟ್ಟರೆ ನಾಲ್ಕನೆಯದನ್ನು ಹುಡುಕಬೇಕಿತ್ತು. ಬುಕ್ ಮಾಡಿ ವರ್ಷಗಟ್ಟಲೆ ಕಾಯಬೇಕು. ಹಾಗಾಗಿ ನಮ್ಮಂಥವರಿಗೆ ಕಾರು ಅಂದರೆ ಹಳೇ ಕಾರು. ನಾಲ್ಕನೇ ಕೈಗೆ ಬಂದರೂ ಅದಕ್ಕೊಂದು ಮರ್ಯಾದೆ ಇತ್ತು. 1983ರ ಡಿಸೆಂಬರಿನಲ್ಲಿ ಮಾರುತಿ ಬಂದ ಮೇಲೆ ನಿಧಾನಕ್ಕೆ ಆ ಮರ್ಯಾದೆ ಇಳಿಯಿತು, ಬೆಲೆಯೂ ಇಳಿಯಿತು. ಆಗ ಬಂತು ನನ್ನ ಸರದಿ.

ನಾನು ಕೊಂಡದ್ದು 1979ರ ಪದ್ಮಿನಿ, 32 ಸಾವಿರ ರೂಪಾಯಿಗೆ. ಅದರಲ್ಲಿ ಹತ್ತು ಸಾವಿರ ಅಪ್ಪ ಅಡಿಕೆ ಮಾರಿ ಕಳಿಸಿದ್ದು. "ಮಗ ಮುಂಬಯಿಯಲ್ಲಿ ಕಾರು ಇಟ್ಟಿದಾನೆ" ಅಂತ ಊರಲ್ಲಿ ಅವರು ಹೇಳಿಕೊಂಡದ್ದೇ ಹೇಳಿಕೊಂಡದ್ದು. ಆ ಬೇಸಿಗೆಯಲ್ಲಿ ಅವರೇ ಬಂದರು. ಅವರಿಗೆ ಬೆಟ್ಟ, ಮಂಜು ತೋರಿಸೋಣ, ಎರಡು ದಿನ ಇಗತಪುರಿಯಲ್ಲಿ ಇದ್ದು ಬರೋಣ ಅಂತ ಹೊರಟೆವು. ಅಪ್ಪ, ಹೆಂಡತಿ, ಎರಡು ಮಕ್ಕಳು, ಡಿಕ್ಕಿ ತುಂಬಾ ಸಾಮಾನು.

ಇಗತಪುರಿ ಅಂದರೆ ಸಹ್ಯಾದ್ರಿಯ ನೆತ್ತಿ, ಸಮುದ್ರಮಟ್ಟದಿಂದ ಸುಮಾರು 600 ಮೀಟರ್ ಎತ್ತರ. ಮುಂಬಯಿ-ಆಗ್ರಾ ರಸ್ತೆಯಲ್ಲಿ ಕಸಾರಾ ದಾಟಿದ ಕೂಡಲೇ ಘಾಟು ಶುರು. ಇದೇ ಥಳ್ ಘಾಟ್. ರೈಲು ಇಲ್ಲಿ ಹತ್ತಿದ್ದು 1865ರಲ್ಲಿ. 37 ಅಡಿ ಹೋದರೆ ಒಂದು ಅಡಿ ಏರುವ ದಾರಿ. ರೈಲಿಗೆ ಅದು ಭಯಂಕರ ಏರು. ಅದಕ್ಕೇ ಕಸಾರಾದಲ್ಲಿ ರೈಲಿಗೆ ಹೆಚ್ಚುವರಿ ಎಂಜಿನ್ ಜೋಡಿಸಿ, ಇಗತಪುರಿಯಲ್ಲಿ ಬಿಚ್ಚುವ ಪದ್ಧತಿ. ಬ್ಯಾಂಕರ್ ಅನ್ನುತ್ತಾರೆ ಅದಕ್ಕೆ. ರೈಲಿನವರಿಗೆ ತಮ್ಮ ಎಂಜಿನ್ನಿನ ತಾಕತ್ತು ಎಷ್ಟು ಅಂತ ಗೊತ್ತಿತ್ತು. ನನಗೆ ಗೊತ್ತಿರಲಿಲ್ಲ.

ಪದ್ಮಿನಿಯದು 1089 ಸಿಸಿ ಎಂಜಿನ್, ಶಕ್ತಿ ಸುಮಾರು 40 ಅಶ್ವಶಕ್ತಿ. ಐದು ಜನ ತುಂಬಿಕೊಂಡು, ಲಾರಿಯ ಹಿಂದೆ ಎರಡನೇ ಗೇರಿನಲ್ಲಿ ತೆವಳುವಾಗ ಎಂಜಿನ್ ಪೂರ್ತಿ ದುಡಿಯುತ್ತಿರುತ್ತದೆ, ಎದುರಿನಿಂದ ಗಾಳಿ ಮಾತ್ರ ಬರುವುದಿಲ್ಲ. ಫ್ಯಾನು ಬೆಲ್ಟಿನಿಂದ ತಿರುಗುವಂಥದ್ದು, ಎಂಜಿನ್ ನಿಧಾನವಾದರೆ ಅದೂ ನಿಧಾನ. ಆಗ ಕಾಪಾಡಬೇಕಾದ್ದು ರೇಡಿಯೇಟರ್ ಒಂದೇ. ನನ್ನ ರೇಡಿಯೇಟರಿನ ಕೊಳವೆಗಳಲ್ಲಿ ಹದಿನಾಲ್ಕು ವರ್ಷದ ಗಡಸು ನೀರಿನ ಸುಣ್ಣ ಕಟ್ಟಿಕೊಂಡಿತ್ತು. ಕೊಂಡು ನಾಲ್ಕು ತಿಂಗಳಾಗಿದ್ದರೂ ನಾನು ಒಮ್ಮೆಯೂ ಅದನ್ನು ತೊಳೆಸಿರಲಿಲ್ಲ. ಬಣ್ಣ ಮಾತ್ರ ಹೊಡೆಸಿದ್ದೆ!

ಅರ್ಧ ಘಾಟು ಏರುವಷ್ಟರಲ್ಲಿ ಬಾನೆಟ್ಟಿನಿಂದ ಹಬೆ ಎದ್ದಿತು. ಗಾಡಿ ಬದಿಗೆ ನಿಲ್ಲಿಸಿ, ಅವಸರದಲ್ಲಿ ರೇಡಿಯೇಟರಿನ ಮುಚ್ಚಳ ತಿರುವಿದೆ. ಒಳಗೆ ಒತ್ತಡದಲ್ಲಿದ್ದ ನೀರು ಮುಚ್ಚಳ ತೆರೆದ ಕ್ಷಣದಲ್ಲೇ ಕುದಿದು ಚಿಮ್ಮಿತು. ಕೈ ಬೆಂದಿತು. ಮಕ್ಕಳು ಅಳಲು ಶುರು. ಹಿಂದೆ ನಿಂತ ಒಬ್ಬ ಲಾರಿ ಡ್ರೈವರ್ ಇಳಿದು ಬಂದು, ನನ್ನ ಕೈ ಮೇಲೆ ತಣ್ಣೀರು ಸುರಿದು, "ಸಾಬ್, ಅರ್ಧ ಗಂಟೆ ಏನೂ ಮುಟ್ಟಬೇಡಿ" ಅಂದ. ಪೆಟ್ರೋಲ್ ಪಂಪಿನ ಮೇಲೆ ಒದ್ದೆ ಬಟ್ಟೆ ಸುತ್ತಿದ. ಅದು ಎಂಜಿನ್ನಿಗೇ ಅಂಟಿಕೊಂಡಿರುವ ಪಂಪು, ಬಿಸಿ ಏರಿದರೆ ಒಳಗಿನ ಪೆಟ್ರೋಲು ಆವಿಯಾಗಿ ಹರಿಯುವುದೇ ನಿಲ್ಲುತ್ತದೆ.

ಅಪ್ಪ ಒಂದು ಕಲ್ಲಿನ ಮೇಲೆ ಕೂತಿದ್ದರು. ತುಂಬಾ ಹೊತ್ತಾದ ಮೇಲೆ ಒಂದೇ ಮಾತು ಕೇಳಿದರು: "ನೀರು ಕುಡಿಸ್ದೆ ಎತ್ತು ಹೂಡ್ತಾರೇನೋ?"

ಅಂತೂ ಸಂಜೆಗೆ ಇಗತಪುರಿ ಸೇರಿದೆವು. ಅದಕ್ಕಿಂತ ದೊಡ್ಡ ತಪ್ಪನ್ನು ಮಾಡಿದ್ದು ವಾಪಸ್ ಬರುವಾಗ. ಇಳಿಜಾರು ತಾನೇ, ಪೆಟ್ರೋಲು ಉಳಿಯುತ್ತೆ, ಎಂಜಿನ್ನೂ ತಣ್ಣಗಿರುತ್ತೆ ಅಂತ ನ್ಯೂಟ್ರಲ್ಲಿನಲ್ಲಿ ಬಿಟ್ಟೆ. ಪದ್ಮಿನಿಗೆ ನಾಲ್ಕೂ ಚಕ್ರಕ್ಕೆ ಡ್ರಮ್ ಬ್ರೇಕು. ಡ್ರಮ್ಮಿನ ಒಳಗಿನ ಬಿಸಿ ಬೇಗ ಹೊರಗೆ ಹೋಗುವುದಿಲ್ಲ. ಒತ್ತಿದಷ್ಟೂ ಲೈನಿಂಗ್ ಕಾದು ಹಿಡಿತ ಬಿಡುತ್ತದೆ. ನಾಲ್ಕನೆಯ ತಿರುವಿನಲ್ಲಿ ಪೆಡಲ್ ಒತ್ತಿದರೂ ಗಾಡಿ ನಿಲ್ಲಲೊಲ್ಲದು. ಹೇಗೋ ಮೂರನೇ ಗೇರಿಗೆ, ಆಮೇಲೆ ಎರಡಕ್ಕೆ ಹಾಕಿ, ಹ್ಯಾಂಡ್‌ಬ್ರೇಕ್ ಎಳೆದು ಕಲ್ಲುಗೋಡೆಗೆ ಒಂದು ಮಾರು ಇರುವಾಗ ನಿಲ್ಲಿಸಿದೆ. ಯಾರೂ ಮಾತಾಡಲಿಲ್ಲ. ಅಪ್ಪ ಮಗಳನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದರು. ಯಾವ ಗೇರಿನಲ್ಲಿ ಘಾಟು ಹತ್ತುತ್ತೀರೋ ಅದೇ ಗೇರಿನಲ್ಲಿ ಇಳಿಯಬೇಕು ಅನ್ನುವ ಹಳೇ ಡ್ರೈವರುಗಳ ಮಾತು ಅವತ್ತು ಅರ್ಥವಾಯಿತು.

ಮುಂಬಯಿಗೆ ಬಂದ ಮೇಲೆ ಗ್ಯಾರೇಜಿನವನು ಆಯಿಲ್ ಕಡ್ಡಿ ತೆಗೆದು ತೋರಿಸಿದ. ಎಣ್ಣೆ ಹಾಲು ಹಾಕಿದ ಚಹಾದ ಬಣ್ಣಕ್ಕೆ ತಿರುಗಿತ್ತು. ಈ ಎಂಜಿನ್ನಿನ ಬ್ಲಾಕು ಬೀಡು ಕಬ್ಬಿಣ, ಮೇಲಿನ ಹೆಡ್ಡು ಅಲ್ಯೂಮಿನಿಯಮ್. ಕಾದಾಗ ಎರಡೂ ಒಂದೇ ಪ್ರಮಾಣದಲ್ಲಿ ಹಿಗ್ಗುವುದಿಲ್ಲ. ಮಿತಿಮೀರಿ ಕಾದರೆ ಹೆಡ್ಡು ಸೊಟ್ಟಗಾಗಿ, ನಡುವಿನ ಗ್ಯಾಸ್ಕೆಟ್ ಹೋಗಿ, ನೀರು ಎಣ್ಣೆಗೆ ಸೇರುತ್ತದೆ. ನಮ್ಮ ಮೂರು ತಿಂಗಳ ಉಳಿತಾಯ ಅಲ್ಲಿಗೆ ಹೋಯಿತು. ಇನ್ನೊಂದು ವಿಷಯವೂ ತಿಳಿಯಿತು. ಹಿಂದಿನ ಯಾರೋ ಥರ್ಮೋಸ್ಟಾಟ್ ಕಿತ್ತು ಎಸೆದಿದ್ದರು. "ಬಿಸಿ ಆಗಲ್ಲ" ಅಂತ ಆಗ ಎಲ್ಲ ಗ್ಯಾರೇಜುಗಳಲ್ಲೂ ಮಾಡುತ್ತಿದ್ದ ಉಪಾಯ ಅದು. ರೇಡಿಯೇಟರ್ ಕಟ್ಟಿಕೊಂಡಿದ್ದರೆ ಅದರಿಂದ ಏನೂ ಪ್ರಯೋಜನವಿಲ್ಲ.

ಅದಿರಲಿ. ಆ ಗ್ಯಾರೇಜಿನವನ ಕೆಲಸ ನೋಡುತ್ತಾ ನನಗೆ ಹೊಳೆದದ್ದು ಇಷ್ಟು. ಮೂವತ್ತೈದು ವರ್ಷ ಒಂದೇ ಕಾರನ್ನು ಮಾಡಿದ್ದು ದೇಶಕ್ಕೆ ನಷ್ಟವೇ ಇರಬಹುದು. ಆದರೆ ಅದರಿಂದಲೇ ಆ ಕಾರಿನ ಒಂದೊಂದು ಕಾಯಿಲೆಯೂ ಊರೂರಿಗೆ ಗೊತ್ತಿತ್ತು. ಮುಂಬಯಿಯ ಕಪ್ಪು-ಹಳದಿ ಟ್ಯಾಕ್ಸಿಗಳೆಲ್ಲ ಹೆಚ್ಚುಕಡಿಮೆ ಇದೇ ಕಾರು. ಮುಂದಿನ ಚಕ್ರದ ಕಿಂಗ್‌ಪಿನ್, ಸ್ಟಿಯರಿಂಗ್ ಕೆಳಗಿನ ಗೇರ್ ಕಡ್ಡಿಯ ಬುಶ್, ಸುಟ್ಟುಹೋಗುವ ಪಾಯಿಂಟು, ಕಸ ಕಟ್ಟುವ ಕಾರ್ಬುರೇಟರ್ ಜೆಟ್ಟು, ಎಲ್ಲವನ್ನೂ ರಸ್ತೆ ಬದಿಯ ಹುಡುಗನೂ ಕಣ್ಣು ಮುಚ್ಚಿ ರಿಪೇರಿ ಮಾಡುತ್ತಿದ್ದ. ಗೊತ್ತಿಲ್ಲದೆ ಇದ್ದದ್ದು ನನ್ನಂಥ ಮಾಲೀಕನಿಗೆ ಮಾತ್ರ. ಯಾಕೆಂದರೆ ನಾನು ಕೇಳಿಯೇ ಇರಲಿಲ್ಲ.

ಈಗ ಆ ಹುಡುಗರೇ ಇಲ್ಲ. ಕೊನೆಯ ಪದ್ಮಿನಿ ಟ್ಯಾಕ್ಸಿ ನೋಂದಣಿಯಾದದ್ದು 2003ರ ಅಕ್ಟೋಬರಿನಲ್ಲಿ. ಇಪ್ಪತ್ತು ವರ್ಷದ ಮಿತಿ ಮುಗಿದು 2023ರ ಅಕ್ಟೋಬರ್ ಕೊನೆಗೆ ಮುಂಬಯಿಯ ರಸ್ತೆಯಿಂದ ಪದ್ಮಿನಿ ಟ್ಯಾಕ್ಸಿ ಹೋಯಿತು.

ಆದ್ದರಿಂದ ಅಳಿಯನಿಗೆ ಹೇಳಿದ್ದು ಇದು. ಬಣ್ಣ ನೋಡಬೇಡ. ಬೆಳಿಗ್ಗೆ ಎಂಜಿನ್ ತಣ್ಣಗಿರುವಾಗ ಹೋಗು, ಮಾರುವವನು ಮೊದಲೇ ಸ್ಟಾರ್ಟ್ ಮಾಡಿಟ್ಟಿದ್ದರೆ ಇನ್ನೊಂದು ದಿನ ಬರುತ್ತೇನೆ ಅನ್ನು. ತಣ್ಣಗಿದ್ದಾಗಲೇ ರೇಡಿಯೇಟರ್ ಮುಚ್ಚಳ ತೆಗೆದು ನೀರಿನ ಬಣ್ಣ ನೋಡು. ತುಕ್ಕಿನ ಬಣ್ಣ ಇದ್ದರೆ, ಮೇಲೆ ಎಣ್ಣೆ ತೇಲುತ್ತಿದ್ದರೆ ಹುಷಾರು. ಹೊಗೆ ನೀಲಿಯಾಗಿದ್ದರೆ ಎಂಜಿನ್ ಎಣ್ಣೆ ಕುಡಿಯುತ್ತಿದೆ. ಬಿಸಿಯಾದ ಮೇಲೂ ಬಿಳಿ ಹೊಗೆ ನಿಲ್ಲದಿದ್ದರೆ ನೀರು ಒಳಗೆ ಹೋಗುತ್ತಿದೆ. ಮುಂದಿನ ಚಕ್ರವನ್ನು ಜಾಕ್ ಮೇಲೆ ಎತ್ತಿ, ಮೇಲೆ ಕೆಳಗೆ ಹಿಡಿದು ಅಲ್ಲಾಡಿಸು, ಕಿಂಗ್‌ಪಿನ್ ಸವೆದಿದ್ದರೆ ಟಕಟಕ ಅನ್ನುತ್ತದೆ. ಕಾಲ ಕೆಳಗಿನ ಮ್ಯಾಟ್ ಎತ್ತಿ ತುಕ್ಕು ನೋಡು. ಮೀಟರ್ ಸುಳ್ಳು ಹೇಳಬಹುದು, ಪೆಡಲಿನ ರಬ್ಬರು ಅಷ್ಟು ಸುಲಭಕ್ಕೆ ಹೇಳುವುದಿಲ್ಲ. ಈಗಿನ ಪೆಟ್ರೋಲಿನಲ್ಲಿ ಎಥನಾಲ್ ಇರುವುದರಿಂದ ಹಳೇ ರಬ್ಬರ್ ಪೈಪು, ಪಂಪಿನ ಡಯಾಫ್ರಮ್ ಎಲ್ಲ ಬದಲಿಸು. ಕಾಗದಪತ್ರ ಕೊನೆಗೆ ನೋಡುವ ವಿಷಯವಲ್ಲ: ಹದಿನೈದು ವರ್ಷ ದಾಟಿದ ಕಾರಿನ ಮರುನೋಂದಣಿಗೆ 600 ರೂಪಾಯಿ ಇದ್ದ ಶುಲ್ಕವನ್ನು 2022ರ ಏಪ್ರಿಲ್‌ನಲ್ಲೇ 5,000ಕ್ಕೆ ಏರಿಸಿದರು, ಫಿಟ್‌ನೆಸ್ ಬೇರೆ.

ಹೋದ ವರ್ಷ ಮಗನ ಕಾರಿನಲ್ಲಿ ಮತ್ತೆ ಇಗತಪುರಿಗೆ ಹೋದೆ. ಸಮೃದ್ಧಿ ಮಹಾಮಾರ್ಗದ ಇಗತಪುರಿ-ಆಮಣೆ ಭಾಗ 2025ರ ಜೂನ್ 5ರಂದು ತೆರೆದ ಮೇಲೆ ಹಳೇ ಘಾಟು ಹತ್ತಲೇಬೇಕು ಅಂತ ಇಲ್ಲ. ಬೆಟ್ಟದ ಹೊಟ್ಟೆಯಲ್ಲಿ ಸುಮಾರು 8 ಕಿಲೋಮೀಟರ್ ಉದ್ದದ ಜೋಡಿ ಸುರಂಗ. ಎಸಿ ಹಾಕಿಕೊಂಡು, ಹಾಡು ಕೇಳುತ್ತಾ ಐದಾರು ನಿಮಿಷದಲ್ಲಿ ದಾಟಿದೆವು. ಬಿಸಿ ತೋರಿಸುವ ಮುಳ್ಳು ಅಲ್ಲಾಡಲಿಲ್ಲ. ಮಗನಿಗೆ ಅದು ಎಲ್ಲಿದೆ ಅಂತಲೂ ಗೊತ್ತಿರಲಿಲ್ಲ.

ವಾಪಸ್ ಬರುವಾಗ ಹಳೇ ರಸ್ತೆಯಲ್ಲೇ ಇಳಿಯೋಣ ಅಂತ ಹಟ ಮಾಡಿದೆ. ಆ ಕಲ್ಲುಗೋಡೆ ಎಲ್ಲಿ ಅಂತ ಗುರುತು ಸಿಗಲಿಲ್ಲ. ಅಪ್ಪ ಆಮೇಲೆ ಮುಂಬಯಿಗೆ ಬರಲಿಲ್ಲ, 1996ರಲ್ಲಿ ಹೋಗಿಬಿಟ್ಟರು. ಆದರೆ ಆ ಪ್ರವಾಸದಿಂದ ಊರಿಗೆ ಹೋದವರು ಯಾರಿಗೂ ಹಬೆಯ ಕತೆಯನ್ನಾಗಲಿ, ಬ್ರೇಕಿನ ಕತೆಯನ್ನಾಗಲಿ ಹೇಳಲಿಲ್ಲವಂತೆ. "ಮಗನ ಕಾರಲ್ಲಿ ಘಟ್ಟ ಹತ್ತಿ ಬಂದೆ" ಅಂದರಂತೆ, ಅಷ್ಟೇ.

ಅಳಿಯ ಪದ್ಮಿನಿ ತಗೊಂಡನೋ ಇಲ್ಲವೋ ಇನ್ನೂ ತಿಳಿಸಿಲ್ಲ. ತಗೊಂಡರೆ ಮೊದಲು ರೇಡಿಯೇಟರ್ ತೊಳೆಸು ಅಂತ ಹೇಳಿದ್ದೇನೆ.