ತುಂಗಭದ್ರೆಯ ಹಾಸುಬಂಡೆಗಳೂ ಹರಿಗೋಲಿನ ಕಸುಬೂ

ಮುರ್ಡೇಶ್ವರದ ಆಚೆ ಕಡಲಿನಲ್ಲಿರುವ ನೇತ್ರಾಣಿ ಗುಡ್ಡದ ಸುತ್ತ ಹವಳ ತೋರಿಸಲು ಜನರನ್ನು ನೀರಿಗಿಳಿಸುವ ಸ್ಕೂಬಾ ಡೈವಿಂಗ್ ಉದ್ಯೋಗ ನಮ್ಮ ನಾಡಿನಲ್ಲಿ ಬೇರುಬಿಟ್ಟು ಹೆಚ್ಚು ಕಾಲವಾಗಿಲ್ಲ. ಕೆರಿಬಿಯನ್ ಕಡಲಿನ ಗ್ರೆನಡಾ ದ್ವೀಪದಲ್ಲಿ ಬ್ರಿಟಿಷ್ ಶಿಲ್ಪಿ ಜೇಸನ್ ಡಿಕೇರ್ಸ್ ಟೇಲರ್ 2006ರಲ್ಲಿ ಸಮುದ್ರದ ತಳದಲ್ಲಿ ಶಿಲ್ಪಗಳನ್ನು ನಿಲ್ಲಿಸಿದ. ಮುಂದೆ ಮೆಕ್ಸಿಕೋದ ಕಾನ್‌ಕುನ್‌ನಲ್ಲಿ ಅಂಥದೇ ದೊಡ್ಡ ಸಂಗ್ರಹಾಲಯ ರೂಪುಗೊಂಡಿತು. ಶಿಲ್ಪದ ಮೇಲೆ ಹವಳ ಕಟ್ಟಬೇಕು, ಜನ ಮುಳುಗಿ ಬಂದು ನೋಡಬೇಕು ಎಂಬುದು ಅಲ್ಲಿಯ ಉದ್ದೇಶ. ಇಷ್ಟನ್ನೇ ಗಮನಿಸಿದವರಿಗೆ ನೀರಿನೊಳಗಿನ ಶಿಲ್ಪ, ಅದರ ಬಳಿಗೆ ಕರೆದೊಯ್ಯುವ ಮಾರ್ಗದರ್ಶಿ, ಇವೆರಡೂ ಈ ಶತಮಾನದ ಪ್ರವಾಸೋದ್ಯಮದ ಕೂಸುಗಳೆಂದು ತೋರಬಹುದು. ಹಂಪಿಯ ಹೊಳೆಯ ಇತಿಹಾಸ ಬೇರೆಯೇ ಹೇಳುತ್ತದೆ. ಇಲ್ಲಿ ತುಂಗಭದ್ರೆಯ ಹಾಸುಬಂಡೆಗಳ ಮೇಲೆ ವಿಜಯನಗರದ ಕಾಲದಲ್ಲಿ ಕೊರೆದ ಲಿಂಗಗಳೂ ದೇವತೆಗಳೂ ಹೊಳೆ ತುಂಬಿದಾಗ ನೀರಿನಡಿ ಹೋಗುತ್ತವೆ, ಇಳಿದಾಗ ಹೊರಬರುತ್ತವೆ. ಆ ಬಂಡೆಗಳ ಸಂದಿನಲ್ಲಿ ಹರಿಗೋಲು ನಡೆಸುವ ಕಸುಬು ಕನಿಷ್ಠ ಐನೂರು ವರ್ಷಗಳಿಂದ ಲಿಖಿತ ದಾಖಲೆಯಲ್ಲಿದೆ. ಈ ಕಸುಬು ಸ್ಮಾರಕಗಳಿಗೆ ಆಮೇಲೆ ಬಂದು ಅಂಟಿಕೊಂಡ ಸೌಕರ್ಯವಲ್ಲ, ಅದು ಸ್ಮಾರಕದ್ದೇ ಒಂದು ಅಂಗ ಎಂಬುದು ನನ್ನ ವಾದ. ಅಂಗವೆಂದು ಒಪ್ಪಿದರೆ ಅದನ್ನು ಕಾಪಾಡುವ ಹೊಣೆಯೂ ಬರುತ್ತದೆ.

ಮೊದಲು ಶಿಲ್ಪಗಳನ್ನೇ ನೋಡೋಣ. ಚಕ್ರತೀರ್ಥದಲ್ಲಿ ಹೊಳೆ ಬಂಡೆಗುಡ್ಡಗಳ ನಡುವೆ ತಿರುವು ಪಡೆಯುತ್ತದೆ, ದಡದಲ್ಲಿ ಕೋದಂಡರಾಮನ ಗುಡಿಯಿದೆ. ಅಲ್ಲಿಂದ ಹರಿವಿನ ಜೊತೆ ಕೆಳಕ್ಕೆ ಸಾಗಿದರೆ ಕೋಟಿಲಿಂಗ ಎಂದು ಕರೆಯುವ ಜಾಗ ಸಿಗುತ್ತದೆ. ನೀರಿನ ಕಡೆಗೆ ಇಳಿಜಾರಾದ ಹಾಸುಬಂಡೆಯ ಮೇಲೆ ಚೌಕವಾಗಿ ಗೆರೆ ಹಿಡಿದು ಪುಟ್ಟ ಪುಟ್ಟ ಲಿಂಗಗಳನ್ನು ಸಾಲುಸಾಲಾಗಿ ಕೊರೆದಿದ್ದಾರೆ. ದೊಡ್ಡ ಚೌಕದಲ್ಲಿ 1008, ಚಿಕ್ಕದರಲ್ಲಿ 108 ಎಂಬುದು ರೂಢಿಯ ಎಣಿಕೆ. ಹತ್ತಿರದಲ್ಲೇ ಶೇಷನ ಮೇಲೆ ಪವಡಿಸಿದ ವಿಷ್ಣುವಿನ ಉಬ್ಬುಶಿಲ್ಪವಿದೆ. ನೀರು ಇಳಿದ ತಿಂಗಳುಗಳಲ್ಲಿ ಬಂಡೆ ಹತ್ತಿಳಿದು ನಡೆದೇ ಹೋಗಬಹುದಾದರೂ, ಹರಿಗೋಲಿನಲ್ಲಿ ಕುಳಿತು ಬಂದವರಿಗೆ ಈ ಸಾಲುಗಳು ಎದುರಾಗುವ ರೀತಿ ಬೇರೆ. ಕಣ್ಣು ನೀರಿನ ಮಟ್ಟದಲ್ಲಿರುತ್ತದೆ, ಲಿಂಗಗಳು ಹೊಳೆಯಿಂದಲೇ ಮೇಲೆದ್ದು ಬಂದಂತೆ ಕಾಣುತ್ತವೆ. ಕೆತ್ತಿದವರು ಹೊಳೆಯ ಕಡೆಯಿಂದ ನೋಡುವ ಕಣ್ಣನ್ನು ಗಣನೆಗೆ ತೆಗೆದುಕೊಂಡಿದ್ದರು ಎಂದು ಇದರಿಂದ ಊಹಿಸುವುದು ಅಸಂಗತವಲ್ಲ.

ಇದಕ್ಕೆ ಒಂದು ಗಟ್ಟಿ ಆಕ್ಷೇಪವಿದೆ. ಈ ಶಿಲ್ಪಗಳನ್ನು ಮುಳುಗಲೆಂದು ಕೆತ್ತಿಲ್ಲ, ದಡದಲ್ಲಿ ಕೆತ್ತಿದ್ದು ಪ್ರವಾಹಕ್ಕೆ ಸಿಕ್ಕಿತು, ಅಷ್ಟೇ. ಇಂದಿನ ಮುಳುಗಡೆಗೆ ಹೊಸಪೇಟೆಯ ಅಣೆಕಟ್ಟಿನಿಂದ ಬಿಡುವ ನೀರೇ ಕಾರಣ ಎಂದು ಹೇಳಬಹುದು. ಆದರೆ ಹಂಪಿಯಲ್ಲಿ ನೀರು ಮುಟ್ಟದ ಬಂಡೆಗೆ ಬರವೇ ಇಲ್ಲ. ಹೇಮಕೂಟವಿದೆ, ಮಾತಂಗ ಪರ್ವತವಿದೆ, ಊರಿನ ತುಂಬ ಕಲ್ಲಿದೆ. ಇಷ್ಟೆಲ್ಲ ಬಿಟ್ಟು ಮುಂಗಾರಿನ ಹೊಳೆ ಏರಿ ಬರುವ ತಗ್ಗಿನ ಹಾಸುಬಂಡೆಯನ್ನು ಆರಿಸಿಕೊಂಡದ್ದು ತಿಳಿದು ಮಾಡಿದ ಆಯ್ಕೆಯಾಗಿರಲೇಬೇಕು. ಸಹ್ಯಾದ್ರಿಯ ಮಳೆಯಿಂದ ಬರುವ ಈ ಹೊಳೆ ಅಣೆಕಟ್ಟಿಗೆ ಎಷ್ಟೋ ಶತಮಾನ ಮೊದಲಿನಿಂದಲೂ ಮಳೆಗಾಲದಲ್ಲಿ ತುಂಬಿ ಹರಿದದ್ದೇ. ಅಲ್ಲದೆ ಈ ಪದ್ಧತಿ ಹಂಪಿಯೊಂದರದ್ದೂ ಅಲ್ಲ. ಶಿರಸಿಯ ಬಳಿ ಶಾಲ್ಮಲೆಯ ಪಾತ್ರದಲ್ಲಿ ಸೋದೆ ಅರಸರ ಕಾಲದ ಸಹಸ್ರಲಿಂಗಗಳಿವೆ. ಮಳೆಗಾಲದಲ್ಲಿ ಮುಳುಗಿ ಶಿವರಾತ್ರಿಯ ಹೊತ್ತಿಗೆ ಹೊರಗೆ ಬಂದು ಪೂಜೆ ಪಡೆಯುತ್ತವೆ. ಕಾಂಬೋಡಿಯದ ಕ್ಬಾಲ್ ಸ್ಪಿಯನ್‌ನಲ್ಲಿ ಹನ್ನೊಂದನೆಯ ಶತಮಾನದಿಂದಾಚೆ ತೊರೆಯ ತಳದಲ್ಲೇ ನೂರಾರು ಲಿಂಗಗಳನ್ನೂ ಶೇಷಶಾಯಿಯನ್ನೂ ಕೊರೆದರು. ದೂರದೂರದ ಮೂರು ನೆಲೆಗಳಲ್ಲಿ ಅದೇ ಲಿಂಗಸಾಲು, ಅದೇ ಹರಿವ ನೀರು ಕಂಡಾಗ ಹಿಂದೆ ಒಂದು ಭಾವನೆ ಕೆಲಸ ಮಾಡಿದೆ ಎನ್ನಲೇಬೇಕಾಗುತ್ತದೆ: ಹೊಳೆಯೇ ಅಭಿಷೇಕ ಮಾಡಲಿ ಎಂಬ ಭಾವನೆ. ನೀರು ಇಲ್ಲಿ ಶಿಲ್ಪದ ಶತ್ರುವಲ್ಲ, ಪೂಜಾರಿ.

ನೀರಿನಲ್ಲಿ ದೇವರಿದ್ದರೆ ದೇವರ ಬಳಿಗೆ ಒಯ್ಯುವವನೂ ಬೇಕು. 1520ರ ಸುಮಾರಿಗೆ ವಿಜಯನಗರಕ್ಕೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಆನೆಗೊಂದಿಯ ಕಡೆ ಹೊಳೆ ದಾಟುವುದನ್ನು ವರ್ಣಿಸಿದ್ದಾನೆ. ಬುಟ್ಟಿಯಂತೆ ದುಂಡಗಿರುವ ದೋಣಿ, ಒಳಗೆ ಬೆತ್ತದ ಹೆಣಿಗೆ, ಹೊರಗೆ ಚರ್ಮದ ಹೊದಿಕೆ, ಹದಿನೈದಿಪ್ಪತ್ತು ಮಂದಿ ಕೂರಬಹುದು, ಅಗತ್ಯ ಬಿದ್ದರೆ ಕುದುರೆ ಎತ್ತುಗಳನ್ನೂ ದಾಟಿಸಬಹುದು, ನೇರ ಹೋಗದೆ ಸುತ್ತುತ್ತಲೇ ಸಾಗುತ್ತದೆ, ಈ ರಾಜ್ಯದ ಹೊಳೆಗಳಲ್ಲಿ ಬೇರೆ ಬಗೆಯ ದೋಣಿಯೇ ಇಲ್ಲ ಎಂಬುದು ಅವನ ಮಾತಿನ ಸಾರ. ಇಂದು ಹರಿಗೋಲನ್ನು ಕಂಡವರು ಈ ವರ್ಣನೆಯಲ್ಲಿ ಚರ್ಮವೊಂದನ್ನು ಬಿಟ್ಟು ಮಿಕ್ಕದ್ದನ್ನೆಲ್ಲ ಗುರುತಿಸುತ್ತಾರೆ. ಬಿದಿರಿನ ದಬ್ಬೆಗಳನ್ನು ನೆಲದ ಮೇಲೆ ಅಡ್ಡಡ್ಡ ಹೆಣೆದು, ನಡುವೆ ಭಾರದ ಕಲ್ಲಿಟ್ಟು, ಅಂಚುಗಳನ್ನು ಮೇಲಕ್ಕೆ ಬಾಗಿಸಿ, ಬಾಯಿಯ ಸುತ್ತ ದಪ್ಪ ಪಟ್ಟಿ ಬಿಗಿಯುತ್ತಾರೆ. ಆಮೇಲೆ ಹೊರಮೈಗೆ ಪ್ಲಾಸ್ಟಿಕ್ ಹಾಳೆ ಸುತ್ತಿ ಡಾಂಬರು ಬಳಿಯುತ್ತಾರೆ. ತಳ ಚಪ್ಪಟೆಯಾದ್ದರಿಂದ ಮೊಳಕಾಲುದ್ದದ ನೀರಿನಲ್ಲೂ ತೇಲುತ್ತದೆ, ಮೈ ಬಾಗುವುದರಿಂದ ಬಂಡೆಗೆ ತಾಗಿದರೂ ಸೀಳುವುದಿಲ್ಲ. ಕಲ್ಲು ತುಂಬಿದ ಈ ಹೊಳೆಗೆ ಉದ್ದನೆಯ ಮರದ ದೋಣಿ ಹೊಂದದು. ಹರಿಗೋಲಿನ ಆಕಾರವನ್ನು ರೂಪಿಸಿದ್ದೇ ಈ ಬಂಡೆಗಳು.

ಹೀಗಾಗಿ ರಾಜಧಾನಿಯ ಉತ್ತರದ ಬಾಗಿಲನ್ನು ಅಂಬಿಗರೇ ಕಾಯುತ್ತಿದ್ದರು ಎಂದರೆ ಅತಿಶಯೋಕ್ತಿಯಲ್ಲ. ತಳವಾರಘಟ್ಟದ ಹೆಬ್ಬಾಗಿಲು ನೇರವಾಗಿ ಆನೆಗೊಂದಿಯ ಕಡವಿನ ಕಡೆಗೆ ತೆರೆಯುತ್ತದೆ. ವಿಠ್ಠಲ ದೇವಸ್ಥಾನದ ಬಳಿ ಹಳೆಯ ಸೇತುವೆಯೊಂದರ ಕಲ್ಲುಕಂಬಗಳು ಹೊಳೆಯಲ್ಲಿ ಇಂದಿಗೂ ನಿಂತಿವೆ. ಸಾಮ್ರಾಜ್ಯ ಕಟ್ಟಿದ ಸೇತುವೆ ಮುರಿಯಿತು, ಹರಿಗೋಲು ಉಳಿಯಿತು. ರಾಜಧಾನಿ 1565ರಲ್ಲಿ ಹಾಳಾದ ಮೇಲೂ ಕಡವು ನಿಲ್ಲಲಿಲ್ಲ, ಏಕೆಂದರೆ ಅದನ್ನು ಅರಮನೆಯೊಂದೇ ಸಾಕುತ್ತಿರಲಿಲ್ಲ. ಆನೆಗೊಂದಿಯ ಬಳಿಯ ನಡುಗಡ್ಡೆಯಲ್ಲಿ ನವವೃಂದಾವನವಿದೆ. 1539ರಲ್ಲಿ ವೃಂದಾವನಸ್ಥರಾದ ವ್ಯಾಸರಾಯರೂ ಸೇರಿ ಒಂಬತ್ತು ಯತಿಗಳ ನೆಲೆ ಅದು. ಅಲ್ಲಿಗೆ ನೀರು ದಾಟದೆ ಹೋಗುವಂತಿಲ್ಲ. ಆರಾಧನೆಗೆ ಬರುವ ಭಕ್ತರನ್ನು ದಾಟಿಸುವುದು, ಬಂಡೆಯ ಮೇಲಿನ ದೇವರನ್ನು ತೋರಿಸುವುದು, ಸಂತೆಯ ಸರಕು ಸಾಗಿಸುವುದು, ಮೀನು ಹಿಡಿಯುವುದು, ಇವೆಲ್ಲ ಒಂದೇ ಕಸುಬಿನ ಮುಖಗಳು. ಪ್ರವಾಸಿಗೆ ಕೋಟಿಲಿಂಗ ತೋರಿಸುವ ಇಂದಿನ ಅಂಬಿಗ ಹೊಸ ಕೆಲಸ ಹಿಡಿದವನಲ್ಲ, ಯಾತ್ರಿಕರನ್ನು ದಾಟಿಸುತ್ತಿದ್ದ ಹಳೆಯ ಕೆಲಸವನ್ನೇ ಮುಂದುವರಿಸಿದವನು.

1953ರಲ್ಲಿ ಮುಗಿದ ತುಂಗಭದ್ರಾ ಅಣೆಕಟ್ಟು ಈ ಹೊಳೆಯ ಪಂಚಾಂಗವನ್ನೇ ತಿದ್ದಿತು. ಅಲ್ಲಿಯವರೆಗೆ ಮಳೆಯನ್ನು ನೋಡಿ ಹೊಳೆಯನ್ನು ತಿಳಿಯುತ್ತಿದ್ದವರು ಈಗ 33 ಗೇಟುಗಳ ಸುದ್ದಿಗೆ ಕಿವಿಗೊಡಬೇಕಾಯಿತು. ನದಿಗೆ ಹೆಚ್ಚು ನೀರು ಬಿಟ್ಟರೆ ಹಂಪಿಯಲ್ಲಿ ಪುರಂದರ ಮಂಟಪ ಮುಳುಗುತ್ತದೆ, ಕೆಳಗೆ ಕಂಪ್ಲಿಯಲ್ಲಿ ಗಂಗಾವತಿ ಕಡೆಯ ಸೇತುವೆ ಮುಳುಗಿ ರಸ್ತೆ ಕಡಿಯುತ್ತದೆ. 2024ರ ಆಗಸ್ಟ್ 10ರ ರಾತ್ರಿ 19ನೇ ಗೇಟಿನ ಚೈನು ತುಂಡಾಗಿ ಗೇಟು ಕೊಚ್ಚಿಹೋದಾಗ ಕೆಳದಂಡೆಯ ಊರುಗಳೆಲ್ಲ ಎಚ್ಚರದಲ್ಲಿ ಕಾಲ ಕಳೆದವು. ಅಣೆಕಟ್ಟು ಇನ್ನೊಂದು ಪಾಠವನ್ನೂ ಕಲಿಸುತ್ತದೆ. ಅದರ ಹಿನ್ನೀರಿನಲ್ಲಿ ನಾರಾಯಣದೇವರಕೆರೆಯಂಥ ಊರುಗಳು ಮುಳುಗಿದವು, ಜನ ಮರಿಯಮ್ಮನಹಳ್ಳಿಯಂಥ ಕಡೆ ಹೊಸದಾಗಿ ನೆಲೆ ಕಂಡುಕೊಂಡರು. ಅಲ್ಲಿಯೂ ನೀರಿನಡಿ ಕಲ್ಲಿದೆ, ಗುಡಿಯ ನೆಲೆಯಿದೆ. ಆದರೆ ಅದು ನಷ್ಟದ ನೆನಪಾಗಿ ಉಳಿಯಿತೇ ಹೊರತು ದರ್ಶನದ ತಾಣವಾಗಲಿಲ್ಲ. ಕೆಳಗಿನ ಕೋಟಿಲಿಂಗ ಮಾತ್ರ ಮುಳುಗಿಯೂ ಜನರಿಗೆ ಸಿಗುತ್ತದೆ. ನೀರಿನ ಆಳ ಒಂದೇ ಇದಕ್ಕೆ ಕಾರಣವಲ್ಲ. ಯಾವ ಮಟ್ಟಕ್ಕೆ ನೀರು ಇಳಿದರೆ ಯಾವ ಸಾಲು ಕಾಣುತ್ತದೆ, ಸುಳಿ ಎಲ್ಲಿದೆ, ಮಡು ಎಲ್ಲಿದೆ, ಯಾವ ಬಂಡೆಗೆ ಹರಿಗೋಲು ಹಚ್ಚಬಹುದು ಎಂದು ಬಲ್ಲ ಜನ ಅಲ್ಲಿ ಎಡೆಬಿಡದೆ ಉಳಿದಿದ್ದಾರೆ. ಮುಳುಗಿದ ಶಿಲ್ಪ ಪರಂಪರೆಯಾಗಿ ಬಾಳುವುದು ಆ ತಿಳಿವಳಿಕೆಯಿಂದ.

ಇಲ್ಲಿ ಎರಡನೆಯ ಆಕ್ಷೇಪ ಎದ್ದೇಳುತ್ತದೆ, ಅದು ಹೊಳೆಯಾಚೆಯ ರೈತರದ್ದು. ಹರಿಗೋಲನ್ನು ಹೊಗಳುವವರು ಹೊಳೆ ತುಂಬಿದ ದಿನ ಬಸುರಿಯನ್ನು ಆಸ್ಪತ್ರೆಗೆ ಹೇಗೆ ಒಯ್ಯಬೇಕೆಂದು ಹೇಳಬೇಕು. 1986ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಹಂಪಿ, ಆನೆಗೊಂದಿ ಮತ್ತು ವಿರೂಪಾಪುರಗಡ್ಡೆಯ ಸೇತುವೆಗಳ ಕಾರಣದಿಂದ 1999ರಲ್ಲಿ ಅಪಾಯದಲ್ಲಿರುವ ತಾಣಗಳ ಪಟ್ಟಿಗೆ ಬಿತ್ತು, 2006ರಲ್ಲಿ ಹೊರಬಂತು. ಮತ್ತೆ ಕೆಲಸ ಶುರುವಾದ ಆನೆಗೊಂದಿ ಸೇತುವೆ 2009ರ ಜನವರಿಯಲ್ಲಿ ಕುಸಿದು ಕಾರ್ಮಿಕರು ಸತ್ತರು. ಆ ವರ್ಷಗಳ ಕಷ್ಟವನ್ನು ಹೊತ್ತವರು ಹೊಳೆಯ ಎರಡೂ ದಡದ ಹಳ್ಳಿಯವರು. ಅವರ ಬೇಡಿಕೆ ನ್ಯಾಯವಾದದ್ದು. ಮುಂದೆ ಸ್ಮಾರಕಗಳಿಂದ ದೂರದಲ್ಲಿ, ಬುಕ್ಕಸಾಗರ ಮತ್ತು ಕಡೆಬಾಗಿಲಿನ ನಡುವೆ, ಸೇತುವೆ ಆದದ್ದು ಸರಿಯಾದ ಪರಿಹಾರ. ಸೇತುವೆಯೂ ಹರಿಗೋಲೂ ಒಂದನ್ನೊಂದು ಅಳಿಸಬೇಕಿಲ್ಲ. ಸೇತುವೆ ಬಂದಾಗ ಜನ ಸರಕು ಸಾಗಿಸುವ ಭಾರ ಹರಿಗೋಲಿನಿಂದ ಇಳಿಯಿತು, ಬಂಡೆಗಳ ನಡುವೆ ಒಯ್ದು ತೋರಿಸುವ ಕೆಲಸ ಉಳಿಯಿತು. ಆ ಕೆಲಸವನ್ನು ಯಾವ ಸೇತುವೆಯೂ ಮಾಡಲಾರದು. ಆದರೆ ಸುಪ್ರೀಂ ಕೋರ್ಟಿನ 2020ರ ತೀರ್ಪಿನ ಬಳಿಕ ವಿರೂಪಾಪುರಗಡ್ಡೆಯ ರೆಸಾರ್ಟುಗಳು ತೆರವಾಗಿ, ಹೊಳೆ ದಾಟುವ ಪ್ರವಾಸಿಗರ ಒಂದು ಪಾಲೂ ಇಲ್ಲವಾಯಿತು. ಸ್ಮಾರಕಗಳ ಹಿತಕ್ಕಾಗಿ ತೆಗೆದುಕೊಂಡ ತೀರ್ಮಾನಗಳ ಬಿಸಿ ದೋಣಿಯವರಿಗೂ ತಟ್ಟುತ್ತದೆ. ತೀರ್ಮಾನದ ಹೊತ್ತಿನಲ್ಲಿ ಅವರನ್ನು ಕೇಳುವ ರೂಢಿ ಮಾತ್ರ ಬೆಳೆಯಬೇಕಾಗಿದೆ.

ಮೂರನೆಯ ಆಕ್ಷೇಪ ಈ ಕಸುಬನ್ನೇ ಸಂದೇಹಿಸುತ್ತದೆ. ಚರ್ಮ ಹೋಗಿ ಪ್ಲಾಸ್ಟಿಕ್ ಬಂತು, ಕೆಲವೆಡೆ ಫೈಬರ್ ಬಂತು, ಹರಿಗೋಲನ್ನು ಗಿರಗಿರನೆ ತಿರುಗಿಸಿ ಹಣ ಕೇಳುವುದೇ ಆಟವಾಯಿತು, ಇದರಲ್ಲಿ ಪರಂಪರೆ ಎಲ್ಲಿದೆ ಎಂಬ ಪ್ರಶ್ನೆ ಅದು. ಹೊದಿಕೆ ಬದಲಾದುದು ನಿಜ. ಆದರೆ ಪರಂಪರೆ ಹೊದಿಕೆಯಲ್ಲಿರಲಿಲ್ಲ, ಹುಟ್ಟು ಹಾಕುವ ಕೈಯಲ್ಲೂ ಸೆಳವನ್ನು ಓದುವ ಕಣ್ಣಲ್ಲೂ ಇತ್ತು; ಅದು ಇಂದಿಗೂ ತಂದೆಯಿಂದ ಮಗನಿಗೆ ನೀರಿನ ಮೇಲೆಯೇ ದಾಟುತ್ತಿದೆ. ತಿರುಗುವುದಂತೂ ದುಂಡು ದೋಣಿಯ ಸ್ವಭಾವ, ಪಾಯೆಸ್ ಕಂಡದ್ದೂ ಅದನ್ನೇ. ಅವಘಡಗಳ ಮಾತು ಇದಕ್ಕಿಂತ ತೂಕದ್ದು. ಹರಿಗೋಲು ಮಗುಚಿ ಜೀವ ಹೋದದ್ದಿದೆ. ಅದಕ್ಕೆ ಮದ್ದು ಕಸುಬನ್ನು ನಿಲ್ಲಿಸುವುದಲ್ಲ. ಕಡಲಿನಲ್ಲಿ ಸ್ಕೂಬಾ ಮಾರ್ಗದರ್ಶಿಗೆ ತರಬೇತಿ, ಪ್ರಮಾಣಪತ್ರ, ಸಲಕರಣೆಯ ತಪಾಸಣೆ ಇರಲೇಬೇಕೆಂದು ಒಪ್ಪಿದ್ದೇವೆ. ಅದೇ ಗೌರವವನ್ನೂ ಅದೇ ಶಿಸ್ತನ್ನೂ ಹೊಳೆಯ ಮಾರ್ಗದರ್ಶಿಗೂ ಕೊಡಬೇಕು: ಜನರ ಮಿತಿ, ಜೀವರಕ್ಷಕ ಜಾಕೆಟ್, ಗೇಟು ತೆರೆಯುವ ಮುನ್ಸೂಚನೆ ನೇರವಾಗಿ ಅವನ ಫೋನಿಗೆ.

ಹಂಪಿಗೆ 2002ರಲ್ಲೇ ಪ್ರತ್ಯೇಕ ಕಾಯ್ದೆಯಾಗಿ ವಿಶ್ವ ಪರಂಪರೆ ಪ್ರದೇಶ ನಿರ್ವಹಣಾ ಪ್ರಾಧಿಕಾರ ರೂಪುಗೊಂಡಿದೆ. ಕಲ್ಲು, ಗೋಡೆ, ಕಂಬಗಳ ಲೆಕ್ಕವನ್ನು ಇಷ್ಟು ಕಾಳಜಿಯಿಂದ ಇಡುವ ನಾವು ಹೊಳೆಯ ತಿಳಿವಳಿಕೆಯ ಲೆಕ್ಕವನ್ನೂ ಇಡಬೇಕು. ಚಕ್ರತೀರ್ಥದಿಂದ ಆನೆಗೊಂದಿಯವರೆಗೆ ಯಾವ ಬಂಡೆಗೆ ಯಾವ ಹೆಸರು, ಯಾವ ಶಿಲ್ಪ ಯಾವ ನೀರಿನ ಮಟ್ಟದಲ್ಲಿ ಕಾಣುತ್ತದೆ, ಯಾವುದು ಸವೆಯುತ್ತಿದೆ ಎಂಬುದನ್ನು ಅಂಬಿಗರ ಬಾಯಿಂದಲೇ ದಾಖಲಿಸಬೇಕು, ಆ ಕೆಲಸಕ್ಕೆ ಅವರಿಗೆ ಸಂಬಳ ಕೊಡಬೇಕು. ಕಡವುಗಳ ಪರವಾನಗಿ ಹೊರಗಿನ ಗುತ್ತಿಗೆದಾರನ ಪಾಲಾಗದೆ ದಡದ ದೋಣಿಯವರ ಸಂಘಗಳಿಗೇ ಸಿಗಬೇಕು. ಗ್ರೆನಡಾ, ಕಾನ್‌ಕುನ್‌ಗಳು ಶಿಲ್ಪವನ್ನು ಹೊಸದಾಗಿ ಮಾಡಿ ಮುಳುಗಿಸಿ, ತೋರಿಸುವವರನ್ನು ಹೊಸದಾಗಿ ತಯಾರು ಮಾಡಬೇಕಾಯಿತು. ನಮಗೆ ಎರಡೂ ಶತಮಾನಗಳಿಂದ ಒದಗಿ ಬಂದಿವೆ. ಕಲ್ಲಿಗೆ ರಕ್ಷಣೆಯ ಕಾನೂನಿದೆ. ಅದನ್ನು ನೀರಿನ ಕಡೆಯಿಂದ ಬಲ್ಲ ಕೊನೆಯ ತಲೆಮಾರು ಹೊಟ್ಟೆಪಾಡಿಗೆ ಬೇರೆ ಊರು ಸೇರಿದರೆ ಕೋಟಿಲಿಂಗದ ಅರ್ಧ ಅರ್ಥ ಅವರೊಂದಿಗೇ ಹೋಗುತ್ತದೆ. ಅದನ್ನು ಉಳಿಸಿಕೊಳ್ಳಲು ಬೇಕಾದ ಹಣ ದೊಡ್ಡದಲ್ಲ, ಬೇಕಾದ ನಿರ್ಧಾರವೂ ಕಷ್ಟದ್ದಲ್ಲ.