ಎಡ್ಡಿ ಬ್ರೇಬೆನ್

ಎಡ್ಡಿ ಬ್ರೇಬೆನ್ (1930–2013) ಬ್ರಿಟಿಷ್ ಟೆಲಿವಿಷನ್ನಿನ ಹಾಸ್ಯ ಬರಹಗಾರರು. ಎರಿಕ್ ಮೋರ್ಕಮ್ ಮತ್ತು ಅರ್ನಿ ವೈಸ್ ಜೋಡಿ ಅಲ್ಲಿ ಮನೆಮಾತು. ಆ ಜೋಡಿಗೆ ಮಾತು ಬರೆದುಕೊಟ್ಟವರನ್ನು ಬಲ್ಲವರು ಕಡಿಮೆ.

ಹುಟ್ಟೂರು ಲಿವರ್‌ಪೂಲ್. ಅಲ್ಲಿನ ಸೇಂಟ್ ಜಾನ್ಸ್ ಮಾರುಕಟ್ಟೆಯಲ್ಲಿ ಹಣ್ಣು, ತರಕಾರಿ ಮಾರುತ್ತಲೇ ಜೋಕುಗಳನ್ನು ಬರೆದು ಹಾಸ್ಯಗಾರರಿಗೆ ಕಳುಹಿಸುತ್ತಿದ್ದರು. ಮೊದಲು ಕೊಂಡವರು ಚಾರ್ಲಿ ಚೆಸ್ಟರ್. ಆಮೇಲೆ ತಮ್ಮ ಊರಿನವರೇ ಆದ ಕೆನ್ ಡಾಡ್‌ಗೆ ವರ್ಷಗಟ್ಟಲೆ ಬರೆದರು. ಡಾಡ್ ಒಬ್ಬರೇ ನಿಂತು ಬಿಡುವಿಲ್ಲದೆ ಜೋಕು ಸಿಡಿಸುವವರಾದ್ದರಿಂದ ಬರಹಗಾರನಿಗೂ ಬಿಡುವಿರಲಿಲ್ಲ.

1968ರ ನವೆಂಬರಿನಲ್ಲಿ ಮೋರ್ಕಮ್‌ಗೆ ಹೃದಯಾಘಾತವಾಯಿತು. ಜೋಡಿಯ ಹಳೆಯ ಬರಹಗಾರರಾದ ಡಿಕ್ ಹಿಲ್ಸ್, ಸಿಡ್ ಗ್ರೀನ್ ಬೇರೆ ಕಡೆ ಹೋದರು. ಬಿಬಿಸಿಯ ಬಿಲ್ ಕಾಟನ್ ಬ್ರೇಬೆನ್‌ರನ್ನು ಕರೆಸಿದರು. ಮೋರ್ಕಮ್, ವೈಸ್ ಇಬ್ಬರನ್ನೂ ಎದುರಿಗೆ ಕಂಡಾಗ ಬ್ರೇಬೆನ್‌ರಿಗೆ ಮುಖ್ಯವೆನಿಸಿದ್ದು ಅವರ ನಡುವಿನ ಅಕ್ಕರೆ. ತೆರೆಯ ಮೇಲೆ ಅದು ಕಾಣುತ್ತಿರಲಿಲ್ಲ. ವೈಸ್ ಅಲ್ಲಿ ಜೋಕಿಗೆ ಪೀಠಿಕೆ ಹಾಕುವ ಸಪ್ಪೆ ಜೊತೆಗಾರ ಅಷ್ಟೆ. ಬ್ರೇಬೆನ್ ಬರಹದಲ್ಲಿ ವೈಸ್ ತಾನು ಮಹಾ ನಾಟಕಕಾರನೆಂದು ಬೀಗುವ, ವ್ಯಾಕರಣ ಬಾರದ ಲೇಖಕನಾದ. ಮೋರ್ಕಮ್ ಅವನನ್ನು ತಾನು ಗೇಲಿ ಮಾಡಿದರೂ ಬೇರೆಯವರು ಮಾಡಿದರೆ ಸಹಿಸದ ಗೆಳೆಯನಾದ. ಇಬ್ಬರನ್ನೂ ಒಂದೇ ಮನೆಯಲ್ಲಿಟ್ಟು ಒಂದೇ ಹಾಸಿಗೆಯಲ್ಲಿ ಮಲಗಿಸುವ ಯೋಚನೆಗೆ ಮೋರ್ಕಮ್ ಮೊದಲು ಒಪ್ಪಲಿಲ್ಲ. ಲಾರೆಲ್ ಮತ್ತು ಹಾರ್ಡಿ ಮಲಗಿದ್ದಾರಲ್ಲ ಎಂದ ಮೇಲೆ ಒಪ್ಪಿದರು, ಅದೂ ಬಾಯಲ್ಲಿ ಪೈಪ್ ಇಟ್ಟುಕೊಂಡು.

1971ರ ಕ್ರಿಸ್ಮಸ್ ಕಾರ್ಯಕ್ರಮದಲ್ಲಿ ವಾದ್ಯವೃಂದದ ನಿರ್ದೇಶಕ ಆಂಡ್ರೆ ಪ್ರೆವಿನ್ ಎದುರು ಮೋರ್ಕಮ್ ಗ್ರೀಗ್‌ನ ಪಿಯಾನೊ ಕನ್ಸರ್ಟೊವನ್ನು ಹದಗೆಡಿಸುವ ದೃಶ್ಯ ಬ್ರಿಟನ್ನಿನಲ್ಲಿ ಇಂದಿಗೂ ಪ್ರಸಿದ್ಧ. ಅದರ ಬೀಜ ಹಿಲ್ಸ್ ಮತ್ತು ಗ್ರೀನ್ ಬರೆದ ಹಳೆಯ ಪ್ರಹಸನದಲ್ಲೇ ಇತ್ತು. ಪೂರ್ತಿ ಕೀರ್ತಿಯನ್ನು ಬ್ರೇಬೆನ್‌ರಿಗೆ ಕೊಡುವುದು ನ್ಯಾಯವಲ್ಲ. ಆದರೆ ಖ್ಯಾತ ಅತಿಥಿಯನ್ನು ಕರೆಸಿ, ಹೆಸರು ತಪ್ಪಾಗಿ ಕರೆದು, ಕೈಲಾಗದ ನಾಟಕದಲ್ಲಿ ನಿಲ್ಲಿಸಿ ನಗಿಸುವ ವರಸೆ ಪಳಗಿದ್ದು ಅವರ ಕೈಯಲ್ಲೇ.

1977ರ ಕ್ರಿಸ್ಮಸ್ ಕಾರ್ಯಕ್ರಮವನ್ನು 2 ಕೋಟಿಗೂ ಹೆಚ್ಚು ಜನ ನೋಡಿದರು. ಬ್ರೇಬೆನ್ ಬರೆಯುತ್ತಿದ್ದದ್ದು ಹೆಚ್ಚಾಗಿ ಲಿವರ್‌ಪೂಲಿನ ಮನೆಯಲ್ಲಿ, ಒಬ್ಬರೇ. ಆ ದುಡಿತದ ಒತ್ತಡದಲ್ಲಿ ಆರೋಗ್ಯವೂ ಕೆಟ್ಟಿತ್ತು. 1978ರಲ್ಲಿ ಜೋಡಿ ಬಿಬಿಸಿ ಬಿಟ್ಟು ಥೇಮ್ಸ್ ಟೆಲಿವಿಷನ್ ಸೇರಿದಾಗ ಅವರು ಕೂಡಲೇ ಹೋಗಲಿಲ್ಲ, ಸೇರಿಕೊಂಡದ್ದು ಆಮೇಲೆ. ಹಳೆಯ ಕಳೆ ಅಲ್ಲಿ ಮರಳಲಿಲ್ಲ.

2001ರಲ್ಲಿ ಬ್ರೇಬೆನ್ ಅವರು ಹೇಮಿಶ್ ಮೆಕಾಲ್, ಶಾನ್ ಫೋಲಿ ಜೊತೆಗೂಡಿ ಬರೆದ, ಈ ಜೋಡಿಯನ್ನೇ ನೆನೆಯುವ ರಂಗನಾಟಕಕ್ಕೆ ಒಲಿವಿಯೆ ಪ್ರಶಸ್ತಿ ಬಂತು. 2004ರಲ್ಲಿ ಆತ್ಮಕಥೆ ಪ್ರಕಟವಾಯಿತು. ಬ್ರೇಬೆನ್‌ರನ್ನೇ ನಾಯಕನನ್ನಾಗಿಸಿದ ಟೆಲಿವಿಷನ್ ನಾಟಕವನ್ನು ಬಿಬಿಸಿ ಪ್ರಸಾರ ಮಾಡಿದ್ದು 2017ರಲ್ಲಿ, ಅವರು ತೀರಿಕೊಂಡ ನಾಲ್ಕು ವರ್ಷಗಳ ನಂತರ.