ಕೊಲೆ ಪ್ರಕರಣದ ಜಾಮೀನು: ಕಾರಣ ಎಷ್ಟು ಬರೆಯಬೇಕು?

ಕೊಲೆಯಂಥ ಆರೋಪ ಹೊತ್ತವರ ಜಾಮೀನು ಅರ್ಜಿಯಲ್ಲಿ ಏನನ್ನೆಲ್ಲ ತೂಗಬೇಕು ಎಂಬುದನ್ನು ಸುಪ್ರೀಂ ಕೋರ್ಟ್ 2010ರ ಪ್ರಶಾಂತ ಕುಮಾರ್ ಸರ್ಕಾರ್ ತೀರ್ಪಿನಲ್ಲಿ ಒಂದೆಡೆ ಹೇಳಿದೆ: ಮೇಲ್ನೋಟಕ್ಕೆ ಆರೋಪ ನಂಬುವಂತಿದೆಯೇ, ಅಪರಾಧ ಎಷ್ಟು ಗಂಭೀರ, ಶಿಕ್ಷೆ ಎಷ್ಟು ಕಠಿಣ, ಆರೋಪಿ ತಲೆಮರೆಸಿಕೊಂಡಾನೇ, ಸಾಕ್ಷಿಗಳನ್ನು ಬೆದರಿಸಿಯಾನೇ, ಮತ್ತೆ ಅಪರಾಧ ಎಸಗಿಯಾನೇ. ಈ ಪಟ್ಟಿಯ ಬಗ್ಗೆ ಈಗ ತಕರಾರಿಲ್ಲ. ತಕರಾರು ಇರುವುದು, ವಿಚಾರಣೆಗೆ ಮೊದಲೇ ನ್ಯಾಯಾಧೀಶರು ಸಾಕ್ಷ್ಯದೊಳಗೆ ಎಷ್ಟು ದೂರ ಇಳಿಯಬಹುದು ಎಂಬುದರಲ್ಲಿ.

ಕಾನೂನಿನ ಚೌಕಟ್ಟು ಚಿಕ್ಕದು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 480ರಂತೆ, ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯ ಅಪರಾಧ ಮಾಡಿರಬಹುದೆಂದು ನಂಬಲು ಕಾರಣವಿದ್ದರೆ ಮ್ಯಾಜಿಸ್ಟ್ರೇಟರು ಜಾಮೀನು ಕೊಡುವಂತಿಲ್ಲ. ಮಕ್ಕಳು, ಮಹಿಳೆಯರು, ರೋಗಿಗಳು, ಅಶಕ್ತರಿಗೆ ಮಾತ್ರ ವಿನಾಯಿತಿ. ಉಳಿದವರು ಕಲಂ 483ರಡಿ ಸೆಷನ್ಸ್ ನ್ಯಾಯಾಲಯಕ್ಕೋ ಹೈಕೋರ್ಟಿಗೋ ಹೋಗಬೇಕು. ತೊಂಬತ್ತು ದಿನದಲ್ಲಿ ದೋಷಾರೋಪ ಪಟ್ಟಿ ಸಲ್ಲಿಕೆಯಾಗದಿದ್ದರೆ ಕೊಲೆ ಆರೋಪಿಗೂ ಜಾಮೀನು ಕೇಳುವ ಹಕ್ಕಿದೆ.

ಸಾಕ್ಷ್ಯವನ್ನು ಜಾಮೀನು ಹಂತದಲ್ಲಿ ವಿವರವಾಗಿ ಪರಿಶೀಲಿಸಬಾರದೆಂದು 1980ರ ನಿರಂಜನ್ ಸಿಂಗ್ ತೀರ್ಪು ಹೇಳಿತು. ಗಂಭೀರ ಅಪರಾಧಗಳಲ್ಲಿ ಮೇಲ್ನೋಟದ ಕಾರಣಗಳನ್ನು ಬರೆಯಲೇಬೇಕೆಂದು 2004ರ ಕಲ್ಯಾಣ್ ಚಂದ್ರ ಸರ್ಕಾರ್ ತೀರ್ಪು ಸೇರಿಸಿತು. ರಾಜಸ್ಥಾನದ ಕೊಲೆ ಪ್ರಕರಣವೊಂದಕ್ಕೆ ಸಂಬಂಧಿಸಿದ ಮಹಿಪಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇನ್ನಷ್ಟು ನಿಷ್ಠುರವಾಯಿತು: ದಾಖಲೆ ನೋಡಿದ್ದೇವೆ, ಸಂದರ್ಭಗಳನ್ನು ಗಮನಿಸಿದ್ದೇವೆ ಎಂದಷ್ಟೇ ಬರೆದರೆ ಅದು ಕಾರಣಸಹಿತ ಆದೇಶವಾಗದು. ಇದು ಸರಿಯಾದ ಮಾತು. ಇಂಥ ಒಂದು ಸಾಲಿನಿಂದ ಜಾಮೀನು ಕೊಡಲೂಬಹುದು, ನಿರಾಕರಿಸಲೂಬಹುದು. ಮೇಲಿನ ನ್ಯಾಯಾಲಯಕ್ಕೆ ಪರಿಶೀಲಿಸಲು ಅದರಲ್ಲಿ ಏನೂ ಸಿಗುವುದಿಲ್ಲ.

ಹೆಚ್ಚು ಬರೆಯುವುದೂ ದೋಷವಾಗಬಲ್ಲದು ಎಂಬುದಕ್ಕೆ ನಟ ದರ್ಶನ್ ಪ್ರಕರಣ ಹತ್ತಿರದ ನಿದರ್ಶನ. ಚಿತ್ರದುರ್ಗದ ವ್ಯಕ್ತಿಯೊಬ್ಬರ ಕೊಲೆ ಆರೋಪದಲ್ಲಿ ಬಂಧಿತರಾದ ಅವರಿಗೆ ಕರ್ನಾಟಕ ಹೈಕೋರ್ಟ್ 2024ರ ಅಕ್ಟೋಬರ್‌ನಲ್ಲಿ ಚಿಕಿತ್ಸೆಗೆಂದು ಆರು ವಾರಗಳ ಮಧ್ಯಂತರ ಜಾಮೀನು ನೀಡಿ, ಡಿಸೆಂಬರ್ 13ರಂದು ಅವರೂ ಸೇರಿ ಏಳು ಮಂದಿಗೆ ಜಾಮೀನು ಮಂಜೂರು ಮಾಡಿತು. ಬಂಧನದ ಕಾರಣಗಳನ್ನು ಲಿಖಿತವಾಗಿ ತಿಳಿಸಿದ ರೀತಿ, ಸಾಕ್ಷಿಗಳ ಹೇಳಿಕೆ ದಾಖಲಿಸುವಲ್ಲಿ ಆದ ವಿಳಂಬ ಇವೆಲ್ಲ ಅಲ್ಲಿ ಚರ್ಚೆಗೆ ಬಂದವು. 2025ರ ಆಗಸ್ಟ್ 14ರಂದು ಸುಪ್ರೀಂ ಕೋರ್ಟ್ ಆ ಆದೇಶವನ್ನು ರದ್ದುಪಡಿಸಿತು; ಸಾಕ್ಷಿಗಳ ವಿಶ್ವಾಸಾರ್ಹತೆಯನ್ನು ಅಳೆಯುವುದು ವಿಚಾರಣಾ ನ್ಯಾಯಾಲಯದ ಕೆಲಸ ಎಂದಿತು. ಈ ಆದೇಶದಿಂದ ಅವರ ತಪ್ಪು ಸಾಬೀತಾಯಿತು ಎಂದು ಓದುವುದು ಅನ್ಯಾಯ. ಜಾಮೀನಿನ ದುರುಪಯೋಗಕ್ಕಾಗಿ ಅದನ್ನು ಕಸಿದುಕೊಳ್ಳುವುದು ಬೇರೆ, ಕೊಟ್ಟ ಆದೇಶವೇ ದೋಷಪೂರಿತವೆಂದು ಅಳಿಸುವುದು ಬೇರೆ. ಸುದ್ದಿಮನೆಗಳು ಎರಡಕ್ಕೂ ‘ಜಾಮೀನು ರದ್ದು’ ಎಂದೇ ಬರೆಯುವುದರಿಂದ ಓದುಗರಿಗೆ ಈ ಭೇದ ಕಾಣುವುದಿಲ್ಲ.

ಆರೋಪ ಎಷ್ಟೇ ಭೀಕರವಿದ್ದರೂ ವರ್ಷಗಳು ಉರುಳಿದಂತೆ ತೂಕ ಬದಲಾಗುತ್ತದೆ. ಕೇರಳದಲ್ಲಿ 2010ರಲ್ಲಿ ಪ್ರಾಧ್ಯಾಪಕರೊಬ್ಬರ ಕೈ ಕಡಿದ ಪ್ರಕರಣದ ಆರೋಪಿ ನಜೀಬ್, ಕಾನೂನುಬಾಹಿರ ಚಟುವಟಿಕೆಗಳ ತಡೆ ಕಾಯ್ದೆ (ಯುಎಪಿಎ) ಅಡಿ ಐದು ವರ್ಷಕ್ಕೂ ಹೆಚ್ಚು ಕಾಲ ಸೆರೆಯಲ್ಲಿದ್ದರು. ಇನ್ನೂ 276 ಸಾಕ್ಷಿಗಳ ವಿಚಾರಣೆ ಬಾಕಿಯಿತ್ತು. ಅದಾಗಲೇ ಶಿಕ್ಷೆಯಾಗಿದ್ದ ಸಹ ಆರೋಪಿಗಳಿಗೆ ಎಂಟು ವರ್ಷ ಮೀರಿದ ಸಜೆಯಾಗಿರಲಿಲ್ಲ. 2021ರ ಫೆಬ್ರವರಿ 1ರಂದು ಸುಪ್ರೀಂ ಕೋರ್ಟ್ ಸಂವಿಧಾನದ 21ನೇ ವಿಧಿಯ ಬಲದಿಂದ ಅವರ ಜಾಮೀನನ್ನು ಎತ್ತಿಹಿಡಿಯಿತು. ನನ್ನ ಓದಿನಲ್ಲಿ ಈ ಕ್ಷೇತ್ರದ ಅತ್ಯಂತ ಮುಖ್ಯ ತೀರ್ಪು ಇದೇ. ಶೀಘ್ರ ವಿಚಾರಣೆ ನಡೆಸಲಾಗದ ಸರ್ಕಾರ, ಅಪರಾಧದ ಭೀಕರತೆಯನ್ನಷ್ಟೇ ತೋರಿಸಿ ಮನುಷ್ಯನೊಬ್ಬನನ್ನು ಜೈಲಿನಲ್ಲೇ ಇಡಲಾಗದು.

ಸಂತ್ರಸ್ತರ ಕಡೆಯ ಮಾತು ಬಹುಕಾಲ ಈ ಲೆಕ್ಕದಲ್ಲೇ ಇರಲಿಲ್ಲ. ಲಖಿಂಪುರ ಖೇರಿಯಲ್ಲಿ ರೈತರ ಮೇಲೆ ವಾಹನ ಹರಿದ ಪ್ರಕರಣದಲ್ಲಿ, ಮೃತರ ಕುಟುಂಬಗಳಿಗೆ ಅಹವಾಲು ಹೇಳಲು ಸರಿಯಾದ ಅವಕಾಶ ಸಿಗಲಿಲ್ಲವೆಂದು 2022ರ ಏಪ್ರಿಲ್‌ನಲ್ಲಿ ಆರೋಪಿ ಆಶಿಶ್ ಮಿಶ್ರಾ ಅವರ ಜಾಮೀನನ್ನು ರದ್ದುಪಡಿಸಿ, ಅರ್ಜಿಯನ್ನು ಹೈಕೋರ್ಟಿಗೇ ಹಿಂದಿರುಗಿಸಲಾಯಿತು. 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟೇ ಮಧ್ಯಂತರ ಜಾಮೀನು ನೀಡಿದಾಗ, ಉತ್ತರ ಪ್ರದೇಶದಲ್ಲಾಗಲಿ ದೆಹಲಿಯಲ್ಲಾಗಲಿ ಅವರು ಇರಕೂಡದೆಂಬ ಷರತ್ತು ವಿಧಿಸಿತು. ಸಾಕ್ಷಿಗಳ ಮೇಲೆ ಒತ್ತಡ ಬೀಳಬಹುದೆಂಬ ಆತಂಕಕ್ಕೆ ಅದೇ ಆದೇಶದಲ್ಲಿ ಸಿಕ್ಕ ಉತ್ತರ ಅದು.